‘ನನ್ನ ತೆರಿಗೆ, ನನ್ನ ಹಕ್ಕು’: ದಿಲ್ಲಿಯಲ್ಲಿ ಕೂಗಿದ್ದನ್ನು ತಾಲ್ಲೂಕಿನಿಂದ ಕೇಳಿಸಿಕೊಳ್ಳಿ

ಕರ್ನಾಟಕ ವಿಧಾನಸಭೆ ಮತ್ತು ವಿಧಾನ ಪರಿಷತ್ತಿನ ಎಲ್ಲ ಪಕ್ಷಗಳ ಮಾನ್ಯ ಸದಸ್ಯರಿಗೆ,

ನಮಸ್ಕಾರಗಳು.

2024ರ ಫೆಬ್ರುವರಿ 7ರಂದು ತಮ್ಮಲ್ಲಿ ಅನೇಕರು ದಿಲ್ಲಿಯ ಜಂತರ್ ಮಂತರ್‌ನಲ್ಲಿ ಧರಣಿ ಕೂತಿದ್ದಿರಿ. ಮುಖ್ಯಮಂತ್ರಿ, ಉಪಮುಖ್ಯಮಂತ್ರಿ, ಸಚಿವರು ಎಲ್ಲ ಇದ್ದರು. ‘ನನ್ನ ತೆರಿಗೆ, ನನ್ನ ಹಕ್ಕು’ ಎಂಬುದು ಅಂದಿನ ಘೋಷಣೆ. ಕೇಂದ್ರದ ತೆರಿಗೆಯಲ್ಲಿ ಯಾವ ರಾಜ್ಯಕ್ಕೆ ಎಷ್ಟು ಎಂದು ಹೇಳುವ ಹಣಕಾಸು ಆಯೋಗಗಳಲ್ಲಿ 14ನೆಯದು ಶೇ 4.713ರಷ್ಟು ಇಟ್ಟಿದ್ದ ಕರ್ನಾಟಕದ ಪಾಲನ್ನು 15ನೇ ಆಯೋಗ ಶೇ 3.647ಕ್ಕೆ ಇಳಿಸಿತು, ಸೆಸ್ಸು ಸರ್‌ಚಾರ್ಜು ಎಂದು ಕೇಂದ್ರ ಎತ್ತುವ ಹಣದಲ್ಲಿ ರಾಜ್ಯಗಳಿಗೆ ಪಾಲೇ ಇಲ್ಲ ಎಂಬುದು ತಕರಾರು. ವಿರೋಧ ಪಕ್ಷದವರು ಆ ಧರಣಿಯನ್ನು ಒಪ್ಪಲಿಲ್ಲ. ಇರಲಿ. ತಕರಾರಿನ ತಿರುಳನ್ನು ಅಲ್ಲಗಳೆಯುವುದು ಕಷ್ಟ. ಕೆಲಸವನ್ನೆಲ್ಲ ಒಬ್ಬರ ಹೆಗಲಿಗೆ ಹಾಕಿ, ಗಂಟನ್ನು ಮಾತ್ರ ಇನ್ನೊಬ್ಬರು ಹಿಡಿದುಕೊಂಡರೆ ಕೆಲಸ ಮಾಡುವವನಿಗೆ ಕೊಟ್ಟ ಅಧಿಕಾರಕ್ಕೆ ಅರ್ಥವೇನು?

ನಾನು ಮಲಪ್ರಭಾ ಅಚ್ಚುಕಟ್ಟಿನ ಒಂದು ತಾಲ್ಲೂಕು ಕೋರ್ಟಿನಲ್ಲಿ ವಕೀಲಿ ಮಾಡುವವನು. ತಾವು ದಿಲ್ಲಿಗೆ ಕೇಳಿದ ಈ ಪ್ರಶ್ನೆಯನ್ನೇ ತಾಲ್ಲೂಕಿನಿಂದ ತಮಗೆ ಕೇಳಬೇಕಾಗಿದೆ. ಸಂವಿಧಾನ ನಮ್ಮ ಕಕ್ಷಿದಾರರಿಗೆ ಹಕ್ಕುಗಳನ್ನು ಕೊಟ್ಟಿದೆ. ಆ ಹಕ್ಕು ಕೈಗೆ ಹತ್ತಬೇಕಾದರೆ ಬೇಕಾದ ಹಣವನ್ನು ಮಂಜೂರು ಮಾಡುವವರು ತಾವು. ಬಜೆಟ್ ಅಧಿವೇಶನದಲ್ಲಿ ಇಲಾಖಾವಾರು ಅನುದಾನದ ಬೇಡಿಕೆಗಳು ಒಂದರ ಹಿಂದೊಂದು ಧ್ವನಿಮತದಿಂದ ಅಂಗೀಕಾರ ಆಗುವಾಗ ಯಾರ ಯಾವ ಹಕ್ಕು ದಾಟಿತು, ಯಾವುದು ಹಿಂದೆ ಬಿತ್ತು ಎಂದು ಯಾರಾದರೂ ಎದ್ದು ಕೇಳುತ್ತೀರಾ?

ಮಾತು ದೊಡ್ಡದಾಯಿತು ಎನ್ನಿಸಿದರೆ ಒಂದು ಸಣ್ಣ ಕೇಸು ಹೇಳುತ್ತೇನೆ. ಇಪ್ಪತ್ತರ ಆಸುಪಾಸಿನ ಹುಡುಗ. ಹೊಲದ ಪಂಪ್‌ಸೆಟ್ಟಿನ ಕೇಬಲ್ ಕದ್ದ ಎಂಬ ಆರೋಪ. ಜಾಮೀನು ಸಿಕ್ಕಿತ್ತು, ಜಾಮೀನುದಾರ ಸಿಕ್ಕಿರಲಿಲ್ಲ. ಪಹಣಿ ಹಿಡಿದು ಕೋರ್ಟಿಗೆ ಬಂದು ನಿಲ್ಲುವಷ್ಟು ಹೊಲ ಇದ್ದ ನೆಂಟರು ಅವನಿಗಿರಲಿಲ್ಲ. ಸಾಕ್ಷಿ ವಿಚಾರಣೆಗೆ ತಾರೀಖು ಇಟ್ಟ ದಿನ ಕೇಬಲ್ಲಿನ ಮಾಲೀಕ ಬಂದ, ಪಂಚರು ಬಂದರು, ನಾನೂ ಇದ್ದೆ. ಬೆಂಚ್ ಕ್ಲರ್ಕ್ ಕೇಸಿನ ನಂಬರು ಕೂಗಿದರು. ಸರ್ಕಾರಿ ವಕೀಲರು ಅರ್ಧ ಎದ್ದು, ‘ಆರೋಪೀನ ಕರ್ಕೊಂಡ್ ಬಂದಿಲ್ಲ ಸರ್, ಎಸ್ಕಾರ್ಟ್ ಇಲ್ಲ. ಎಲ್ಲಾರೂ ಬಂದೋಬಸ್ತಿಗೆ ಹೋಗ್ಯಾರ’ ಎಂದರು. ಗಣ್ಯರೊಬ್ಬರ ಕಾರ್ಯಕ್ರಮವಿತ್ತು. ಸರಿ, ಜೈಲಿನಿಂದ ವಿಡಿಯೊ ಜೋಡಿಸಿದರು. ಪರದೆಯ ಮೇಲೆ ಹುಡುಗನ ಬಾಯಿ ಆಡುತ್ತಿತ್ತು, ದನಿ ಬರುತ್ತಿರಲಿಲ್ಲ. ಅಷ್ಟರಲ್ಲಿ ಕರೆಂಟು ಹೋಯಿತು. ಯುಪಿಎಸ್ಸಿನ ಬ್ಯಾಟರಿ ಸತ್ತು ಬಹಳ ದಿನವಾಗಿದೆ, ಹೊಸದಕ್ಕೆ ಬರೆದು ಹಾಕಿದ್ದಾರೆ. ಮುಂದಿನ ತಾರೀಖು ಬಿತ್ತು. ಕೇಬಲ್ ಕಳೆದುಕೊಂಡ ರೈತ ಹೊರಗೆ ಬಂದವನು, ‘ನನ್ನ ಕೂಲಿ ಹೋತು ವಕೀಲ್ರ, ಮತ್ತ ಬರಾಕ ಆಗೂದಿಲ್ಲ’ ಎಂದ. ಅವನು ಹೇಳಿದ್ದರಲ್ಲಿ ತಪ್ಪೇನಿದೆ?

ಈ ಘಟನೆಯಲ್ಲಿ ನನಗೆ ಖಳರು ಯಾರೂ ಕಾಣುವುದಿಲ್ಲ. ನ್ಯಾಯಾಧೀಶರು ಒಳ್ಳೆಯವರು, ಸಮಯಕ್ಕೆ ಸರಿಯಾಗಿ ಪೀಠಕ್ಕೆ ಬರುವವರು. ಪೇದೆಗಳನ್ನು ನಿಂದಿಸಿ ಪ್ರಯೋಜನವಿಲ್ಲ, ಇದ್ದ ನಾಲ್ವರನ್ನು ಎಲ್ಲಿಗೆಂದು ಕಳಿಸುತ್ತಾರೆ? ತ್ವರಿತ ವಿಚಾರಣೆ, ಜೀವ ಮತ್ತು ಸ್ವಾತಂತ್ರ್ಯದ ಹಕ್ಕನ್ನು ಕಾಯುವ ಸಂವಿಧಾನದ 21ನೇ ವಿಧಿಯ ಭಾಗ ಎಂದು ಸುಪ್ರೀಂ ಕೋರ್ಟ್ 1979ರಲ್ಲೇ ಹುಸೈನಾರಾ ಖಾತೂನ್ ಪ್ರಕರಣದಲ್ಲಿ ಹೇಳಿದೆ. ಬಿಹಾರದ ಜೈಲುಗಳಲ್ಲಿ, ಅಪರಾಧ ಸಾಬೀತಾಗಿದ್ದರೆ ಅನುಭವಿಸಬೇಕಾಗಿದ್ದ ಶಿಕ್ಷೆಗಿಂತಲೂ ಹೆಚ್ಚು ಕಾಲ ವಿಚಾರಣೆಯೇ ಇಲ್ಲದೆ ಕೊಳೆಯುತ್ತಿದ್ದವರ ಪ್ರಕರಣ ಅದು. ದುಡ್ಡಿಲ್ಲ ಎಂಬ ನೆಪ ಹೇಳಿ ಸರ್ಕಾರ ಈ ಹೊಣೆಯಿಂದ ನುಣುಚಿಕೊಳ್ಳುವಂತಿಲ್ಲ ಎಂದೂ ಅದೇ ತೀರ್ಪಿನಲ್ಲಿದೆ. ಇಂದಿಗೂ ದೇಶದ ಜೈಲುಗಳಲ್ಲಿರುವ ಪ್ರತಿ ನಾಲ್ವರಲ್ಲಿ ಸುಮಾರು ಮೂವರು ವಿಚಾರಣಾಧೀನ ಕೈದಿಗಳೇ.

ಲಾ ಕಾಲೇಜಿನಲ್ಲಿ ನಮಗೊಂದು ಪಾಠವಿತ್ತು. ಹಕ್ಕುಗಳಲ್ಲಿ ಎರಡು ಬಗೆ. ಶಿಕ್ಷಣ, ಆರೋಗ್ಯದಂಥವಕ್ಕೆ ಸರ್ಕಾರ ಖರ್ಚು ಮಾಡಬೇಕು. ಸ್ವಾತಂತ್ರ್ಯದ ಹಕ್ಕುಗಳಿಗೆ ಖರ್ಚಿಲ್ಲ, ಸರ್ಕಾರ ಸುಮ್ಮನೆ ಕೈಕಟ್ಟಿ ಕೂತರೆ ಸಾಕು. ಪರೀಕ್ಷೆಯಲ್ಲಿ ಇದನ್ನು ಬರೆದು ಪಾಸಾಗಿ ಕೋರ್ಟಿಗೆ ಬಂದವರಿಗೆ ಒಂದೇ ವಾರದಲ್ಲಿ ಗೊತ್ತಾಗುತ್ತದೆ, ಸರ್ಕಾರ ಕೈಕಟ್ಟಿ ಕೂತರೆ ಹುಡುಗ ಜೈಲಿನಲ್ಲೇ ಇರುತ್ತಾನೆ ಎಂದು. ಬಂಧಿಸಿದವರನ್ನು 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು ಎನ್ನುತ್ತದೆ 22ನೇ ವಿಧಿ. ಆ ಒಂದು ವಾಕ್ಯ ನಡೆಯಬೇಕಾದರೆ ಜೀಪು ಬೇಕು, ಜೀಪಿಗೆ ಡೀಸೆಲ್ ಬೇಕು, ಸರ್ಕಾರಿ ಆಸ್ಪತ್ರೆಯಲ್ಲಿ ರಾತ್ರಿ ತಪಾಸಣೆಗೆ ಒಬ್ಬ ಡಾಕ್ಟರು ಬೇಕು, ಭಾನುವಾರವೂ ಮನೆಯ ಬಾಗಿಲು ತೆರೆಯುವ ಮ್ಯಾಜಿಸ್ಟ್ರೇಟರು ಬೇಕು. ಇವರೆಲ್ಲರ ಸಂಬಳ, ಭತ್ಯೆ, ಡೀಸೆಲ್ ಬಿಲ್ಲು ಬರುವುದು ರಾಜ್ಯದ ಸಂಚಿತ ನಿಧಿಯಿಂದ. ಆ ನಿಧಿಯಿಂದ ಒಂದು ಪೈಸೆ ಹೊರಗೆ ತೆಗೆಯಬೇಕಾದರೂ ತಮ್ಮ ಒಪ್ಪಿಗೆ ಇರುವ ಕಾನೂನು ಬೇಕು.

ಹಾಗಾದರೆ ಆಸ್ತಿವಂತರ ಹಕ್ಕಿಗೆ ಯಾರ ದುಡ್ಡು ಬೇಕು ಎಂದು ಕೇಳುವವರಿದ್ದಾರೆ. ನನ್ನ ಕಕ್ಷಿದಾರರಲ್ಲೇ ಇದ್ದಾರೆ. ನೀರಾವರಿ ಹೊಲ, ಊರಲ್ಲಿ ಅಂಗಡಿ ಮಳಿಗೆ ಎಲ್ಲ ಇರುವ ಹಿರಿಯರೊಬ್ಬರು. ಕಚೇರಿಗೆ ಬಂದಾಗಲೆಲ್ಲ ಅವರದು ಒಂದೇ ರಾಗ: ‘ನಮ್ಮ ರೊಕ್ಕಾ ತಗೊಂಡು ಮಂದಿಗೆ ಬಿಟ್ಟಿ ಹಂಚಾಕತ್ತಾರ್ರೀ.’ ಅವರ ಪಕ್ಕದ ಹೊಲದವನು ಬದು ಒತ್ತಿ ಉಳುಮೆ ಮಾಡಿದ. ಅಲ್ಲಿಂದ ಶುರುವಾಯಿತು ನೋಡಿ. ಹದ್ದುಬಸ್ತಿಗೆ, ಅಂದರೆ ಹೊಲದ ಗಡಿ ಅಳೆದು ಗುರುತಿಸಲು, ಅರ್ಜಿ ಕೊಟ್ಟರು, ಸರ್ವೇಯರ್ ಬರಲು ತಿಂಗಳುಗಟ್ಟಲೆ ಕಾದರು. ಹಳೆಯ ಟಿಪ್ಪಣಿ, ಆಕಾರಬಂದ್ ನಕಲು ತೆಗೆಸಿದರು. ದಾವೆ ಹಾಕಿದೆವು. ಕೋರ್ಟು ತಾತ್ಕಾಲಿಕ ತಡೆಯಾಜ್ಞೆ ಕೊಟ್ಟಿತು. ಆದೇಶದ ನಕಲು ಕೈಗೆ ಬಂದ ಕೂಡಲೇ ಅವರು ಕೇಳಿದ ಮೊದಲ ಮಾತು: ‘ಪೊಲೀಸ್ರು ಯಾವಾಗ ಬರ್ತಾರ್ರೀ?’

ಅವರನ್ನು ಗೇಲಿ ಮಾಡಲು ಇದನ್ನು ಬರೆಯುತ್ತಿಲ್ಲ. ಅವರ ಹಕ್ಕು ನಿಜವಾದದ್ದು, ಹೊಲ ಅವರದೇ. ಆದರೆ ಆ ಹೊಲ ಅವರದು ಎಂದು ಪ್ರಪಂಚಕ್ಕೆ ಹೇಳುತ್ತಿರುವುದು ಏನು? ಆಕಾರಬಂದ್ ಎಂಬ ದಫ್ತರ ಹುಟ್ಟಿದ್ದೇ ಯಾವ ಸರ್ವೆ ನಂಬರಿಗೆ ಎಷ್ಟು ಕಂದಾಯ ಎಂದು ನಿಗದಿ ಮಾಡಲು. ನಮ್ಮ ಕಡೆ 19ನೇ ಶತಮಾನದಲ್ಲಿ ಮುಂಬಯಿ ಸರ್ಕಾರದವರು ಹೊಲ ಹೊಲಕ್ಕೆ ಸರಪಳಿ ಹಿಡಿದು ಅಳೆಸಿ, ಬಾಂದು ಕಲ್ಲು ನೆಡಿಸಿದ್ದು ರೈತನ ಮೇಲಿನ ಪ್ರೀತಿಗಲ್ಲ, ವಸೂಲಿಗೆ. ಆ ವಸೂಲಿಯ ಲೆಕ್ಕವೇ ಮುಂದೆ ಮಾಲೀಕತ್ವದ ಪುರಾವೆಯಾಗಿ ನಿಂತಿತು. ಈಗ ಭೂಕಂದಾಯ ಹೆಸರಿಗಷ್ಟೇ ಉಳಿದಿದೆ. ಆದರೆ ‘ಭೂಮಿ’ ಯೋಜನೆಯಲ್ಲಿ ಕಂಪ್ಯೂಟರಿಗೆ ಏರಿದ ಸುಮಾರು ಎರಡು ಕೋಟಿ ಪಹಣಿಗಳನ್ನು ಸಂಭಾಳಿಸಲು, ಸರ್ವೇಯರಿಗೆ ಸಂಬಳ ಕೊಡಲು, ಸಬ್ ರಿಜಿಸ್ಟ್ರಾರ್ ಕಚೇರಿ ನಡೆಸಲು ಹಣ ಬೇಕೇ ಬೇಕು. ಜಮೀನೇ ಇಲ್ಲದ ಹಮಾಲಿ ಅಂಗಡಿಯಲ್ಲಿ ಬಿಸ್ಕತ್ತು ಕೊಂಡು ಕಟ್ಟುವ ಜಿಎಸ್‌ಟಿಯೂ, ದುಡಿದು ಸುಸ್ತಾಗಿ ಕುಡಿದ ಪಾಕೀಟಿನ ಅಬಕಾರಿ ಸುಂಕವೂ ಅದರಲ್ಲಿ ಸೇರಿದೆ. ಆ ಹಿರಿಯರ ಬದು ಉಳಿಯುವುದರಲ್ಲಿ ಈ ಹಮಾಲಿಯದೂ ಪಾಲಿದೆ ಎಂದು ಒಂದು ದಿನ ಹೇಳಿಯೂ ನೋಡಿದೆ. ನಕ್ಕರು. ಒಪ್ಪಿದರೋ ಇಲ್ಲವೋ ಗೊತ್ತಿಲ್ಲ. ಫೀಸು ಮಾತ್ರ ಸಮಯಕ್ಕೆ ಕೊಟ್ಟರು.

ತೆರಿಗೆದಾರ ಎಂದರೆ ಆದಾಯ ತೆರಿಗೆ ಕಟ್ಟುವವರು ಮಾತ್ರ ಎಂದು ತಮ್ಮಲ್ಲಿ ಕೆಲವರೂ ಭಾಷಣದಲ್ಲಿ ಹೇಳುತ್ತೀರಿ. ದಯವಿಟ್ಟು ಅದನ್ನು ನಿಲ್ಲಿಸಿ. ಆದಾಯ ತೆರಿಗೆ ಎತ್ತುವುದು ಕೇಂದ್ರ. ರಾಜ್ಯ ತಾನೇ ಎತ್ತುವ ತೆರಿಗೆ ಎಂದರೆ ಜಿಎಸ್‌ಟಿಯ ಪಾಲು, ಪೆಟ್ರೋಲು ಡೀಸೆಲ್ ಮೇಲಿನ ಮಾರಾಟ ತೆರಿಗೆ, ಅಬಕಾರಿ, ಮುದ್ರಾಂಕ ಮತ್ತು ನೋಂದಣಿ, ವಾಹನ ತೆರಿಗೆ. ಇವುಗಳಲ್ಲಿ ಬಹುಪಾಲು ಕಟ್ಟುವುದಕ್ಕೆ ಪ್ಯಾನ್ ಕಾರ್ಡ್ ಬೇಕಿಲ್ಲ, ಬೈಕಿಗೆ ಪೆಟ್ರೋಲು ಹಾಕಿಸಿದರೆ ಸಾಕು. 2024ರ ಜೂನ್ 15ರಂದು ಪೆಟ್ರೋಲ್ ಮೇಲಿನ ಮಾರಾಟ ತೆರಿಗೆಯನ್ನು ಶೇ 25.92ರಿಂದ ಶೇ 29.84ಕ್ಕೆ ಏರಿಸಿದ್ದು ನೆನಪಿರಬಹುದು. ಒಂದು ಅಧಿಸೂಚನೆ ಹೊರಬಿತ್ತು, ಬಂಕಿನಲ್ಲಿ ರೇಟು ಬದಲಾಯಿತು. ಕಾನೂನಿನ ಅಧಿಕಾರವಿಲ್ಲದೆ ಯಾವ ತೆರಿಗೆಯನ್ನೂ ವಿಧಿಸುವಂತಿಲ್ಲ ಎನ್ನುವ 265ನೇ ವಿಧಿಗೆ ಇದರಿಂದ ಧಕ್ಕೆಯಾಗಿಲ್ಲ, ಅಧಿಸೂಚನೆಗೆ ಕಾನೂನಿನ ಬಲವಿದೆ. ಆದರೂ ಒಂದು ಮಾತು. ಆ ತೆರಿಗೆ ಏಕೆ ಬೇಕಾಯಿತು, ಅದರಿಂದ ಬಂದದ್ದು ಎಲ್ಲಿಗೆ ಹೋಗುತ್ತದೆ ಎಂದು ಸದನದಲ್ಲಿ ಮೊದಲು ಚರ್ಚೆಯಾಗಿ, ಆಮೇಲೆ ಬಂಕಿಗೆ ಬಂದಿದ್ದರೆ, ಕಟ್ಟುವವನಿಗೆ ತಾನು ಗಿರಾಕಿಯಲ್ಲ ಪ್ರಜೆ ಎಂದು ಅನ್ನಿಸುತ್ತಿತ್ತು.

ಕಟ್ಟುವವರನ್ನು ಕೇಳದೆ ತೆರಿಗೆ ಹಾಕಿದರೆ ಏನಾಗುತ್ತದೆ ಎಂಬ ನೆನಪು ನಮ್ಮ ಸೀಮೆಗೆ ಚೆನ್ನಾಗಿದೆ. ಮಲಪ್ರಭೆಗೆ ನವಿಲುತೀರ್ಥದ ಅಣೆಕಟ್ಟು ಆಯಿತು, ಕಾಲುವೆಗಳಾದವು, ನೀರಾವರಿಯಿಂದ ಜಮೀನಿನ ಬೆಲೆ ಏರಿತು ಎಂದು ಸರ್ಕಾರ ಅಭಿವೃದ್ಧಿ ಕರ ಕೇಳಿತು. ಅನೇಕ ಹೊಲಗಳಿಗೆ ನೀರೇ ಹತ್ತಿರಲಿಲ್ಲ. ಹತ್ತಿದ ಕಡೆ ಕೆಲವು ಹೊಲ ಜವುಳು ಹಿಡಿದಿದ್ದವು. ಕರ ಬಾಕಿಯೆಂದು ನೋಟಿಸು ಬಂದವು. 1980ರ ಜುಲೈ 21ರಂದು ನರಗುಂದ, ನವಲಗುಂದಗಳಲ್ಲಿ ರೈತರು ತಹಶೀಲ್ದಾರ್ ಕಚೇರಿ ಮುತ್ತಿದರು. ಗೋಲಿಬಾರ್ ಆಯಿತು. ರೈತರು ಸತ್ತರು, ಪೊಲೀಸರೂ ಸತ್ತರು. ಇಂದಿಗೂ ಪ್ರತಿ ಜುಲೈ 21ಕ್ಕೆ ಅಲ್ಲಿನ ವೀರಗಲ್ಲಿಗೆ ಮಾಲೆ ಹಾಕಲು ತಮ್ಮಲ್ಲಿ ಹಲವರು ಬರುತ್ತೀರಿ. ಅದಾದ ಮೇಲೆ ರೈತ ಸಂಘ ನಾಡಿನುದ್ದಕ್ಕೂ ಬೆಳೆಯಿತು, 1983ರಲ್ಲಿ ಸರ್ಕಾರವೇ ಬದಲಾಯಿತು.

ಆ ಬಂಡಾಯವನ್ನು ತೆರಿಗೆಯೇ ಬೇಡ ಎನ್ನುವವರ ಸಾಲಿಗೆ ಸೇರಿಸುವುದು ಅನ್ಯಾಯ. ಅದೇ ರೈತರ ಅಪ್ಪಂದಿರು ಪೀಳಿಗೆಗಳಿಂದ ಕಂದಾಯ ಕಟ್ಟುತ್ತ ಬಂದವರು. ಬಾರದ ನೀರಿಗೆ ಕರ ಕೇಳಿದ್ದು, ಕೇಳುವ ಮುಂಚೆ ಅವರನ್ನು ಒಂದು ಮಾತೂ ಕೇಳದಿದ್ದದ್ದು ಜಗಳದ ಮೂಲ. ಇದು ತಿಳಿದೋ ಏನೋ, 1983ರಲ್ಲಿ ಬಂದ ಸರ್ಕಾರ ಹಣವನ್ನೂ ಅಧಿಕಾರವನ್ನೂ ಕೆಳಗಿಳಿಸುವ ಕಾನೂನು ಮಾಡಿತು. ಆಗ ಪಂಚಾಯತ್ ರಾಜ್ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಅವರ ಹಠದಿಂದ ಆದ ಕೆಲಸ ಅದು. 1987ರಲ್ಲಿ ಜಿಲ್ಲಾ ಪರಿಷತ್ತುಗಳಿಗೆ ಚುನಾವಣೆ ನಡೆಯಿತು. ಅಧ್ಯಕ್ಷರಿಗೆ ರಾಜ್ಯ ಸಚಿವರ ಸ್ಥಾನಮಾನ, ಮಹಿಳೆಯರಿಗೆ ಶೇ 25 ಮೀಸಲು. ದೇಶಕ್ಕೆಲ್ಲ ಪಂಚಾಯಿತಿ ವ್ಯವಸ್ಥೆ ತಂದ ಸಂವಿಧಾನದ 73ನೇ ತಿದ್ದುಪಡಿ ಬರುವುದಕ್ಕೆ ಇನ್ನೂ ವರ್ಷಗಳಿದ್ದವು. ದೇಶ ಕರ್ನಾಟಕವನ್ನು ನೋಡಿ ಕಲಿತ ಕಾಲ ಅದು.

ಈಗ? ಜಿಲ್ಲಾ ಪಂಚಾಯಿತಿ, ತಾಲ್ಲೂಕು ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿಯಿತು. ಅವಧಿ ಮುಗಿಯುವ ಮುನ್ನವೇ ಚುನಾವಣೆ ಮುಗಿದಿರಬೇಕು ಎಂದು ಸಂವಿಧಾನದ 243ಇ ವಿಧಿ ಹೇಳುತ್ತದೆ. ಕ್ಷೇತ್ರ ವಿಂಗಡಣೆ ಎಂದಿರಿ, ಮೀಸಲಾತಿ ಪಟ್ಟಿ ಎಂದಿರಿ, ಹೈಕೋರ್ಟಿನ ಮುಂದೆ ಮತ್ತೆ ಮತ್ತೆ ಕಾಲಾವಕಾಶ ಕೇಳಿದಿರಿ. ನಾಲ್ಕು ವರ್ಷ ಕಳೆದರೂ ಚುನಾವಣೆ ಆಗಲಿಲ್ಲ. ಅಷ್ಟರಲ್ಲಿ ರಾಜ್ಯದಲ್ಲಿ ಒಂದಾದ ಮೇಲೊಂದು ಎರಡು ಪಕ್ಷಗಳ ಸರ್ಕಾರಗಳು ಬಂದು ಕೂತವು, ಆದ್ದರಿಂದ ಒಬ್ಬರು ಇನ್ನೊಬ್ಬರ ಕಡೆ ಬೆರಳು ಮಾಡುವ ಹಾಗಿಲ್ಲ. ಜಿಲ್ಲೆಯ ಶಾಲೆ, ಪ್ರಾಥಮಿಕ ಆರೋಗ್ಯ ಕೇಂದ್ರ, ಕುಡಿಯುವ ನೀರು, ಹಾಸ್ಟೆಲ್ಲು, ಇವಕ್ಕೆ ಹೋಗುವ ಹಣದ ಕ್ರಿಯಾಯೋಜನೆಗೆ ಆಡಳಿತಾಧಿಕಾರಿ ಸಹಿ ಹಾಕುತ್ತಾರೆ. ಸಹಿ ಹಾಕಿದವರನ್ನು ಸಂತೆಯಲ್ಲಿ ನಿಲ್ಲಿಸಿ, ‘ಯಾಕ್ರೀ, ನಮ್ಮೂರ ಹೆಸರೇ ಇಲ್ಲಲ್ಲ?’ ಎಂದು ಕೇಳಲು ಆಗುತ್ತದೆಯೇ? ಸದಸ್ಯನಿದ್ದಿದ್ದರೆ ಅವನು ಕಳ್ಳನೇ ಆಗಿದ್ದರೂ ಸಂತೆಗೆ ಬರಬೇಕಾಗುತ್ತಿತ್ತು.

ಬೆಂಗಳೂರಿನವರ ಪಾಡೂ ಬೇರೆಯಲ್ಲ. ಬಿಬಿಎಂಪಿ ಕೌನ್ಸಿಲಿನ ಅವಧಿ 2020ರ ಸೆಪ್ಟೆಂಬರಿನಲ್ಲಿ ಮುಗಿಯಿತು. ಮುಂದಿನ ಐದು ವರ್ಷ ಅವರು ಆಸ್ತಿ ತೆರಿಗೆ ಕಟ್ಟಿದರು, ಕಾರ್ಪೊರೇಟರು ಇರಲಿಲ್ಲ. ಕೊನೆಗೆ 2025ರ ಸೆಪ್ಟೆಂಬರಿನಲ್ಲಿ ಪಾಲಿಕೆಯೇ ಐದು ಪಾಲಾಯಿತು, ತೆರಿಗೆ ಕಟ್ಟಿದವರ ಒಂದು ವೋಟೂ ಇಲ್ಲದೆ. ಮಾತೆತ್ತಿದರೆ ದಿಲ್ಲಿ ನಮ್ಮ ಹಣ ತೆಗೆದುಕೊಂಡು ನಮ್ಮ ಮಾತು ಕೇಳುವುದಿಲ್ಲ ಎನ್ನುತ್ತೀರಿ. ಬೆಂಗಳೂರಿನ ಮನೆಯವರು, ನರಗುಂದದ ಹೊಲದವರು ವಿಧಾನಸೌಧದ ಬಗ್ಗೆ ಅದನ್ನೇ ಹೇಳಿದರೆ ತಮ್ಮ ಉತ್ತರವೇನು?

ಇಲ್ಲಿ ರತ್ಲಾಮಿನ ಮಾತು ಬರಬೇಕು. ಮಧ್ಯಪ್ರದೇಶದ ಆ ಪಟ್ಟಣದ ಒಂದು ಬಡಾವಣೆಯ ಜನ ತೆರೆದ ಚರಂಡಿ, ಬಯಲು ಶೌಚ, ಮದ್ಯದ ಕಾರ್ಖಾನೆಯಿಂದ ಹರಿದು ಬರುವ ಹೊಲಸು ನೀರಿನ ನಡುವೆ ಬದುಕಿ ಬೇಸತ್ತು ಮ್ಯಾಜಿಸ್ಟ್ರೇಟರ ಬಾಗಿಲು ತಟ್ಟಿದರು. ಚರಂಡಿ ಕಟ್ಟಿಸಿ ಎಂದು ಮ್ಯಾಜಿಸ್ಟ್ರೇಟರು ಆದೇಶ ಮಾಡಿದರು. ಪುರಸಭೆ ಸುಪ್ರೀಂ ಕೋರ್ಟಿನವರೆಗೂ ಹೋಯಿತು. ಅದರ ವಾದ ಸರಳ: ನಮ್ಮ ಹತ್ತಿರ ದುಡ್ಡಿಲ್ಲ. 1980ರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅವರಿದ್ದ ಪೀಠ ಆ ವಾದವನ್ನು ತಳ್ಳಿಹಾಕಿತು. ಮನುಷ್ಯನ ಮಾನ, ಆರೋಗ್ಯದ ಪ್ರಶ್ನೆ ಬಂದಾಗ ಬಜೆಟ್ಟಿನ ಕಥೆ ಹೇಳಬೇಡಿ, ಮಾಡಿ ತೋರಿಸಿ ಎಂಬುದು ತೀರ್ಪಿನ ಸಾರ. ಈ ತೀರ್ಪನ್ನು ನಾನು ಎಷ್ಟೋ ಸಲ ಉಲ್ಲೇಖಿಸಿದ್ದೇನೆ, ಮುಂದೆಯೂ ಉಲ್ಲೇಖಿಸುತ್ತೇನೆ.

ಆದರೆ ತಮಗೆ ಮನಸ್ಸು ಬಿಚ್ಚಿ ಹೇಳಬೇಕೆಂದರೆ, ಪುರಸಭೆಯ ಮಾತೂ ಪೂರ್ತಿ ಸುಳ್ಳಾಗಿರಲಿಲ್ಲ. ಸಣ್ಣ ಊರಿನ ಪುರಸಭೆಗೆ ಎಲ್ಲಿಂದ ಬರಬೇಕು ಹಣ? ನ್ಯಾಯಾಧೀಶರು ಚರಂಡಿ ಕಟ್ಟಿಸಿ ಎನ್ನಬಲ್ಲರು, ಜೈಲಿನಿಂದ ಬಿಡಿ ಎನ್ನಬಲ್ಲರು, ತೆರಿಗೆ ಹಾಕಿ ಎನ್ನಲಾರರು. ಹಾಗೆ ಹೇಳಬಾರದು ಕೂಡ. ಅದು ಜನ ಆರಿಸಿ ಕಳಿಸಿದವರ ಕೆಲಸ. ಕೋರ್ಟು ಎಷ್ಟೇ ದೊಡ್ಡ ದನಿಯಲ್ಲಿ ಹಕ್ಕು ಸಾರಿದರೂ ಕೊನೆಗೆ ಅದು ಬಂದು ನಿಲ್ಲುವುದು ತಮ್ಮ ಮೇಜಿನ ಮೇಲೆ, ಬೇಡಿಕೆ ಸಂಖ್ಯೆ ಇಷ್ಟು, ಲೆಕ್ಕ ಶೀರ್ಷಿಕೆ ಇಷ್ಟು ಎಂಬ ಸಾಲಾಗಿ. ಕಾನೂನು ಆಯೋಗ 1987ರಲ್ಲೇ ಹತ್ತು ಲಕ್ಷ ಜನಕ್ಕೆ 50 ನ್ಯಾಯಾಧೀಶರು ಬೇಕು ಎಂದು ವರದಿ ಕೊಟ್ಟಿತು. 2002ರಲ್ಲಿ ಸುಪ್ರೀಂ ಕೋರ್ಟ್ ಐದು ವರ್ಷದಲ್ಲಿ ಅಲ್ಲಿಗೆ ಮುಟ್ಟಿಸಿ ಎಂದು ನಿರ್ದೇಶನವನ್ನೇ ನೀಡಿತು. ಎರಡು ದಶಕ ಕಳೆದ ಮೇಲೂ ದೇಶದ ಲೆಕ್ಕ 20ರ ಆಸುಪಾಸಿನಲ್ಲೇ ತೆವಳುತ್ತಿದೆ. ಹುದ್ದೆ ಸೃಷ್ಟಿಯಾದರೆ ಕೋರ್ಟ್ ಹಾಲ್ ಬೇಕು, ಶಿರಸ್ತೇದಾರರು, ಸ್ಟೆನೊ, ಸಮನ್ಸ್ ಜಾರಿ ಮಾಡುವ ಅಮೀನರು ಬೇಕು. ತೀರ್ಪಿನ ಹಾಳೆಯಿಂದ ಇವರು ಯಾರೂ ಎದ್ದು ಬರುವುದಿಲ್ಲ.

ಹಣ ಹಾಕಿದ ಕಡೆ ಏನಾಯಿತು ಎನ್ನುವುದನ್ನೂ ಹೇಳದಿದ್ದರೆ ತಪ್ಪಾದೀತು. 2008ರಲ್ಲಿ ಧಾರವಾಡ ಮತ್ತು ಕಲಬುರಗಿಯಲ್ಲಿ ಹೈಕೋರ್ಟಿನ ಸಂಚಾರಿ ಪೀಠಗಳು ಶುರುವಾದವು, 2013ರಲ್ಲಿ ಕಾಯಂ ಆದವು. ಅದಕ್ಕೆ ಮುಂಚೆ ನಮ್ಮ ಕಡೆಯ ಕಕ್ಷಿದಾರ ಅಪೀಲು ಹಾಕಬೇಕೆಂದರೆ ರಾತ್ರಿ ಬಸ್ಸು ಹತ್ತಿ ಬೆಂಗಳೂರಿಗೆ ಹೋಗಬೇಕು, ಮೆಜೆಸ್ಟಿಕ್ಕಿನಲ್ಲಿ ಇಳಿದು ಮುಖ ತೊಳೆಯಬೇಕು, ವಕೀಲರ ಗುರುತಿಲ್ಲ, ಲಾಡ್ಜಿಗೆ ದುಡ್ಡಿಲ್ಲ. ಎಷ್ಟೋ ಮಂದಿ ಕೆಳಗಿನ ಕೋರ್ಟಿನಲ್ಲಿ ಸೋತದ್ದನ್ನು ಹಣೆಬರಹ ಎಂದುಕೊಂಡು ಸುಮ್ಮನಾಗುತ್ತಿದ್ದರು. ಈಗ ಬೆಳಿಗ್ಗೆ ರೊಟ್ಟಿ ಕಟ್ಟಿಕೊಂಡು ಧಾರವಾಡಕ್ಕೆ ಹೋಗಿ ಸಂಜೆಗೆ ಮನೆ ಸೇರುತ್ತಾರೆ. ಮೇಲ್ಮನವಿಯ ಹಕ್ಕು ಕಾನೂನಿನಲ್ಲಿ ಮೊದಲೂ ಇತ್ತು. ಒಂದು ಕಟ್ಟಡ, ಒಂದಷ್ಟು ಸಿಬ್ಬಂದಿ ಬಂದ ಮೇಲೆ ಅದು ಜನರ ಕೈಗೂ ಬಂತು.

ಇನ್ನೊಂದು ಉದಾಹರಣೆ ತಮ್ಮಲ್ಲಿ ಕೆಲವರಿಗೆ ರುಚಿಸಲಿಕ್ಕಿಲ್ಲ. 2023ರ ಜೂನ್ 11ರಿಂದ ಹೆಣ್ಣುಮಕ್ಕಳಿಗೆ ಸರ್ಕಾರಿ ಬಸ್ಸು ಉಚಿತವಾಯಿತಲ್ಲ, ಅಂದಿನಿಂದ ಜೀವನಾಂಶದ ಕೇಸುಗಳಲ್ಲಿ ನಮ್ಮ ಕಕ್ಷಿದಾರ ಹೆಣ್ಣುಮಕ್ಕಳು ತಾರೀಖು ತಪ್ಪಿಸುವುದು ಕಡಿಮೆಯಾಗಿದೆ. ಇದು ಅಂಕಿಅಂಶವಲ್ಲ, ಕೋರ್ಟಿನ ಪಡಸಾಲೆಯಲ್ಲಿ ನಿಂತವನ ಕಣ್ಣಂದಾಜು. ಗಂಡ ಬಿಟ್ಟ, ತವರಿನಲ್ಲಿ ಅಣ್ಣನ ಮುಖ ನೋಡಿಕೊಂಡು ಇರುವ ಹೆಣ್ಣುಮಗಳು ಹೋಗಿ ಬರುವ ಚಾರ್ಜಿಗೆ ಅವನ ಮುಂದೆ ಕೈಯೊಡ್ಡಬೇಕಿತ್ತು. ಆತ, ‘ಎಷ್ಟ್ ಸಲ ಹೋಗ್ತಿ, ಸಾಕ್ ಬಿಡು’ ಎಂದರೆ ಕೇಸು ಅಲ್ಲಿಗೆ ಮುಗಿದಂತೆ. ಮಹಿಳೆಯರಿಗೆ ಆದಾಯ ಎಷ್ಟೇ ಇರಲಿ ಉಚಿತ ಕಾನೂನು ನೆರವು ಕೊಡಬೇಕೆಂದು 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ ಹೇಳುತ್ತದೆ. ವಕೀಲರು ಪುಕ್ಕಟೆ ಸಿಕ್ಕರೂ ಕೋರ್ಟಿಗೆ ಬರಲು ಬಸ್ಸಿನ ಚಾರ್ಜಿಲ್ಲದಿದ್ದರೆ ಆ ಕಾಯ್ದೆ ಅವಳಿಗೆ ಎಷ್ಟು ದೂರ? ಯೋಜನೆಯ ಖರ್ಚು ಜಾಸ್ತಿಯಾಯಿತೋ, ಸಾರಿಗೆ ನಿಗಮಗಳಿಗೆ ಸರ್ಕಾರ ಹಣ ಸರಿಯಾಗಿ ಕೊಡುತ್ತಿದೆಯೋ, ಬಸ್ಸುಗಳು ಸಾಕಷ್ಟಿವೆಯೋ ಎಂದು ಧಾರಾಳವಾಗಿ ಜಗಳ ಮಾಡಿ. ‘ಬಿಟ್ಟಿ’ ಎಂಬ ಪದವೊಂದನ್ನು ಎಸೆದು ಚರ್ಚೆ ಮುಗಿಸಬೇಡಿ.

ಉಚಿತ ಯೋಜನೆಗಳ ಪರವಾಗಿರುವವರಿಗೂ ಒಂದು ಮಾತಿದೆ. ಹಂಚುವ ಹಣದ ಜಾಹೀರಾತು ಊರ ತುಂಬ ಇರುತ್ತದೆ. ಯುಪಿಎಸ್ ಬ್ಯಾಟರಿಗೆ, ಎಸ್ಕಾರ್ಟ್ ಪೇದೆಗೆ, ಸರ್ವೇಯರನಿಗೆ ಯಾರೂ ಫ್ಲೆಕ್ಸ್ ಹಾಕಿಸುವುದಿಲ್ಲ. ಆದ್ದರಿಂದ ಕತ್ತರಿ ಮೊದಲು ಬೀಳುವುದು ಅಲ್ಲಿಗೇ, ಬಿದ್ದದ್ದು ಗೊತ್ತೂ ಆಗುವುದಿಲ್ಲ. 2019ರಲ್ಲಿ ಶಿಕ್ಷಣ ಹಕ್ಕಿನ ನಿಯಮ ಬದಲಿಸಿ, ನೆರೆಹೊರೆಯಲ್ಲಿ ಸರ್ಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಖಾಸಗಿ ಶಾಲೆಯಲ್ಲಿ ಬಡ ಮಕ್ಕಳಿಗೆಂದು ಇಡುವ, ಸರ್ಕಾರವೇ ಶುಲ್ಕ ಕಟ್ಟುವ ಶೇ 25ರ ಸೀಟು ಇಲ್ಲ ಎಂದಿರಿ. ತತ್ವವಾಗಿ ನಾನದನ್ನು ವಿರೋಧಿಸಲಾರೆ. ಖಾಸಗಿ ಶಾಲೆಗೆ ಕಟ್ಟುವ ಹಣ ಸರ್ಕಾರಿ ಶಾಲೆಗೇ ಬರಲಿ. ಬಂತೇ? ಅತಿಥಿ ಶಿಕ್ಷಕರನ್ನು ನಂಬಿಕೊಂಡು ನಡೆಯುವ ಶಾಲೆಗಳ ಮುಖ್ಯೋಪಾಧ್ಯಾಯರನ್ನು ಕೇಳಿ ನೋಡಿ.

ತಮ್ಮ ಸಂಬಳದ ವಿಷಯಕ್ಕೂ ಬರುತ್ತೇನೆ, ಬೇಸರ ಬೇಡ. 2025ರ ಮಾರ್ಚ್ 21ರಂದು ಶಾಸಕರ ವೇತನ ತಿಂಗಳಿಗೆ 40,000ದಿಂದ 80,000 ರೂಪಾಯಿಗೆ, ಮುಖ್ಯಮಂತ್ರಿಯವರದು 75,000ದಿಂದ 1.5 ಲಕ್ಷಕ್ಕೆ ಏರುವ ಮಸೂದೆಗಳು ಪಾಸಾದವು. ಟಿವಿ ನೋಡಿದವರೆಲ್ಲ ಬೈದರು. ನಾನು ಬೈಯಲಿಲ್ಲ. ಜನಪ್ರತಿನಿಧಿಗೆ ಸಂಬಳ ಕೊಡುವುದು ಪ್ರಜಾಪ್ರಭುತ್ವದ ಖರ್ಚುಗಳಲ್ಲಿ ಒಂದು. ಕೊಡದಿದ್ದರೆ ಮನೆಯಲ್ಲಿ ಉಂಡುಟ್ಟು ಮಿಕ್ಕವರು ಮಾತ್ರ ಶಾಸಕರಾಗುತ್ತಾರೆ. ಈಗಲೂ ಬಹುಪಾಲು ಅವರೇ ಆಗುತ್ತಿದ್ದಾರೆ ಎಂಬುದು ಬೇರೆ ಮಾತು. ನನ್ನ ತಕರಾರು ರೀತಿಯ ಬಗ್ಗೆ. ಸದನದಲ್ಲಿ ಗದ್ದಲ, ಸಭಾಧ್ಯಕ್ಷರ ಪೀಠದ ಮುಂದೆ ಕಾಗದ ಚೂರು, ವಿರೋಧ ಪಕ್ಷದ 18 ಶಾಸಕರ ಅಮಾನತು, ಅದರ ನಡುವೆಯೇ ಮಸೂದೆ ಪಾಸು. ಸ್ವಂತ ಸಂಬಳವನ್ನು ಚರ್ಚೆಯಿಲ್ಲದೆ ಒಪ್ಪಿಕೊಂಡ ಸದನ ಬೇರೆಯವರ ಹಕ್ಕಿನ ಹಣವನ್ನು ಎಷ್ಟು ನಿಧಾನವಾಗಿ ಓದಿರುತ್ತದೆ ಎಂದು ಜನ ಊಹಿಸಿಕೊಳ್ಳುತ್ತಾರೆ.

2023ರ ವಿಧಾನಸಭಾ ಚುನಾವಣೆಗೆ ರಾಜ್ಯದಲ್ಲಿ 58 ಸಾವಿರಕ್ಕೂ ಹೆಚ್ಚು ಮತಗಟ್ಟೆಗಳಿದ್ದವು. ಪ್ರತಿಯೊಂದಕ್ಕೂ ಸಿಬ್ಬಂದಿ, ಯಂತ್ರ, ಬಸ್ಸು, ಪೊಲೀಸು, ರಾತ್ರಿ ಮಲಗಲು ಶಾಲೆಯ ಕೋಣೆ, ಬೆಳಿಗ್ಗೆ ಉಪ್ಪಿಟ್ಟು. ತಾವು 224 ಜನ ಸದನದ ಒಳಗೆ ಕೂತಿರುವುದೇ ಈ ಖರ್ಚಿನಿಂದ. ಅಂದು ಕಾಡಂಚಿನ ಊರಿನ ಕೆಲವೇ ಮತದಾರರಿಗಾಗಿ ಯಂತ್ರ ಹೊತ್ತುಕೊಂಡು ನಡೆದುಹೋದ ಶಿಕ್ಷಕರನ್ನು ಯಾರೂ ‘ಇಷ್ಟು ಜನಕ್ಕೆ ಇಷ್ಟು ಖರ್ಚೇಕೆ’ ಎಂದು ಕೇಳಲಿಲ್ಲ. ವೋಟಿನ ದಿನ ಅನ್ವಯಿಸಿದ ಆ ಲೆಕ್ಕ ಮಾರನೆಯ ದಿನದಿಂದ ಬದಲಾಗುವುದೇಕೆ?

ಆದ್ದರಿಂದ ಕೇಳುವುದು ಇಷ್ಟು. ಮುಂದಿನ ಅಧಿವೇಶನದಲ್ಲಿ ಕಾನೂನು, ಒಳಾಡಳಿತ, ಕಂದಾಯ ಇಲಾಖೆಗಳ ಬೇಡಿಕೆ ಮತಕ್ಕೆ ಬರುವ ಮುನ್ನ ಒಂದು ದಿನ ಇಟ್ಟುಕೊಂಡು ಚರ್ಚಿಸಿ. ಎಸ್ಕಾರ್ಟ್ ಇಲ್ಲದೆ ಎಷ್ಟು ವಿಚಾರಣೆ ಮುಂದೆ ಹೋದವು, ಎಷ್ಟು ಹದ್ದುಬಸ್ತಿನ ಅರ್ಜಿ ಬಾಕಿ ಇವೆ, ಜಾಮೀನು ಸಿಕ್ಕಿಯೂ ಎಷ್ಟು ಜನ ಒಳಗಿದ್ದಾರೆ ಎಂದು ತಾಲ್ಲೂಕುವಾರು ಲೆಕ್ಕ ಕೇಳಿ ಸದನದ ಮುಂದೆ ಇಡಿಸಿ. ಜಿಲ್ಲಾ, ತಾಲ್ಲೂಕು ಪಂಚಾಯಿತಿಗಳನ್ನು ಇನ್ನು ಮುಂದೆ ಒಂದು ದಿನವೂ ಚುನಾಯಿತ ಸದಸ್ಯರಿಲ್ಲದೆ ನಡೆಸುವುದಿಲ್ಲ ಎಂದು ಎರಡೂ ಕಡೆಯವರು ಸೇರಿ ನಿರ್ಣಯ ಮಾಡಿ. ಹಣ ಸಾಲದು ಎಂದಾದರೆ ಸಾಲದು ಎಂದೇ ಹೇಳಿ. ಯಾವ ತೆರಿಗೆ ಏರಿಸುತ್ತೀರಿ, ಅದನ್ನು ಯಾರು ಕಟ್ಟುತ್ತಾರೆ ಎಂದು ತೆರೆದು ಮಾತಾಡಿ. ನಗರಗಳಲ್ಲಿ ಕೋಟಿಗಟ್ಟಲೆ ಬೆಲೆಯ ಆಸ್ತಿಗೆ ಕಟ್ಟುವ ತೆರಿಗೆಯ ಮಾತು ಬಂದಾಗ ತಾವೆಲ್ಲ ಒಟ್ಟಿಗೆ ಮೌನವಾಗುವುದನ್ನು ಗಮನಿಸಿದ್ದೇವೆ. ಪೆಟ್ರೋಲಿನ ಅಧಿಸೂಚನೆ ಸಲೀಸು ಎಂಬುದೂ ಗೊತ್ತು.

ಚಳಿಗಾಲದ ಅಧಿವೇಶನ ಬೆಳಗಾವಿಯ ಸುವರ್ಣ ವಿಧಾನಸೌಧದಲ್ಲಿ ನಡೆದಾಗ ನಮ್ಮ ವಕೀಲರ ಸಂಘದ ಕೆಲವರು ಬಂದು ಪ್ರೇಕ್ಷಕರ ಗ್ಯಾಲರಿಯಲ್ಲಿ ಕೂರಬೇಕೆಂದಿದ್ದೇವೆ. ಕೇಬಲ್ ಕಳೆದುಕೊಂಡ ರೈತನೂ, ಕೂಲಿ ತಪ್ಪುವುದಿಲ್ಲ ಎಂದರೆ ಬರುತ್ತೇನೆ ಎಂದಿದ್ದಾನೆ. ಪೂರಕ ಅಂದಾಜುಗಳ ಮೇಲಿನ ಚರ್ಚೆ ಯಾವ ದಿನ ಎಂದು ಮೊದಲೇ ತಿಳಿಸಿ, ಪಾಸು ಕೊಡಿಸುವ ಶಾಸಕರು ಯಾರಾದರೂ ಇದ್ದರೆ ದಯವಿಟ್ಟು ಹೇಳಿ.

ಇಂತಿ ತಮ್ಮ ವಿಶ್ವಾಸಿ,
ಮಲಪ್ರಭಾ ಸೀಮೆಯ ಒಬ್ಬ ತಾಲ್ಲೂಕು ವಕೀಲ